ವೇಣೂರಿನ ಹಿತ್ತಿಲ ಹುಳಿಹಣ್ಣೂ ಕೆಂಡದ ಅಡಿಗೆಯೂ

ತುಳುನಾಡಿಗೆ ಪ್ರವಾಸ ಬಂದವರು ಮೂಡಬಿದಿರೆಯ ಸಾವಿರಕಂಬದ ಬಸದಿಯನ್ನು ನೋಡಿ, ಕಾರ್ಕಳದ ಗುಡ್ಡವನ್ನು ಹತ್ತಿ ಇಳಿದು, ಅಲ್ಲಿಂದ ಅವಸರದಿಂದ ಧರ್ಮಸ್ಥಳದ ದಾರಿ ಹಿಡಿಯುವುದು ವಾಡಿಕೆ. ಈ ಅವಸರದಲ್ಲಿ ಅನೇಕರ ಕಣ್ಣಿಗೆ ತಪ್ಪಿಹೋಗುವ ಊರೊಂದುಂಟು. ಮೂಡಬಿದಿರೆಯಿಂದ ಸುಮಾರು 20 ಕಿಲೋಮೀಟರು ಮೂಡಲಾಗಿ ಸಾಗಿದರೆ ಫಲ್ಗುಣೀ ನದಿಯ ದಡದಲ್ಲಿ ಸಿಕ್ಕುವ ವೇಣೂರೇ ಆ ಊರು. ಬೆಳ್ತಂಗಡಿ ತಾಲ್ಲೂಕಿಗೆ ಸೇರಿದ ಈ ಗ್ರಾಮವು ಒಂದು ಕಾಲದಲ್ಲಿ ಅಜಿಲ ಅರಸರ ರಾಜಧಾನಿಯಾಗಿತ್ತು. ಇಂದು ಅದು ಅಡಿಕೆ ತೋಟಗಳ ನಡುವೆ ಸದ್ದಿಲ್ಲದೆ ಬಾಳುತ್ತಿರುವ ಸಣ್ಣ ಪೇಟೆ.

ಕರ್ನಾಟಕದ ಪುರಾತನವಾದ ಮೂರು ಮಹಾ ಗೊಮ್ಮಟ ಮೂರ್ತಿಗಳಲ್ಲಿ ಒಂದು ಇಲ್ಲಿರುವುದು. ಶ್ರವಣಬೆಳಗೊಳದ ಮೂರ್ತಿಯ ಎತ್ತರ ಸುಮಾರು 58 ಅಡಿ. 1432ರಲ್ಲಿ ಸ್ಥಾಪಿತವಾದ ಕಾರ್ಕಳದ್ದು ಸುಮಾರು 42 ಅಡಿ. ವೇಣೂರಿನದು 35 ಅಡಿ. ಇದನ್ನು 1604ರಲ್ಲಿ ಸ್ಥಾಪಿಸಿದವನು ತಿಮ್ಮಣ್ಣಾಜಿಲನೆಂಬ ಅರಸನು. ತಮ್ಮ ಊರಿನ ಕೀರ್ತಿ ಕುಂದೀತೆಂದು ಕಾರ್ಕಳದ ಅರಸರು ಈ ಕಾರ್ಯವನ್ನು ತಡೆಯಲೆಳಸಿದರೆಂದೂ, ಆಗ ಅಜಿಲನು ಮೂರ್ತಿಯನ್ನು ಫಲ್ಗುಣಿಯ ಮರಳಿನಲ್ಲಿ ಹೂಳಿಸಿ ಕಾಪಾಡಿದನೆಂದೂ ಐತಿಹ್ಯವಿದೆ. ಬೆಳಗೊಳದ ಹಾಗೂ ಕಾರ್ಕಳದ ಗೊಮ್ಮಟರು ಬೆಟ್ಟದ ನೆತ್ತಿಯಲ್ಲಿ ನಿಂತು ಲೋಕವನ್ನು ನೋಡುತ್ತಿದ್ದರೆ, ವೇಣೂರಿನ ಸ್ವಾಮಿಯು ಊರಿನ ನೆಲದಲ್ಲಿಯೇ, ಹೊಳೆಯ ಮಗ್ಗುಲಲ್ಲಿ, ಮನೆಯ ಹಿರಿಯನಂತೆ ನಿಂತಿದ್ದಾನೆ. ಸುತ್ತಲೂ ಕಲ್ಲುಬಸದಿ ಮೊದಲಾದ ಬಸದಿಗಳೂ, ಮಹಾಲಿಂಗೇಶ್ವರನ ದೇವಸ್ಥಾನವೂ ಇವೆ. ಹನ್ನೆರಡು ವರ್ಷಗಳಿಗೊಮ್ಮೆ ನಡೆಯುವ ಮಹಾಮಸ್ತಕಾಭಿಷೇಕವು 2000ದಲ್ಲಿಯೂ, 2012ರಲ್ಲಿಯೂ, ಈಚೆಗೆ 2024ರ ಫೆಬ್ರವರಿ ತಿಂಗಳಿನಲ್ಲಿಯೂ ಜರುಗಿತು. ಆ ದಿನಗಳಲ್ಲಿ ಊರು ಜನಸಮುದ್ರವಾಗುವುದು. ಮಿಕ್ಕ ಹನ್ನೊಂದು ವರ್ಷ ಇಲ್ಲಿ ಕೇಳಿಬರುವುದು ತೋಟದ ಹಕ್ಕಿಗಳ ಉಲಿ, ದಾರಿಯ ಬಸ್ಸಿನ ಸದ್ದು, ಮಳೆಗಾಲದಲ್ಲಿ ಹೊಳೆಯ ಮೊರೆತ ಇಷ್ಟೆ.

ಬಸದಿಯ ಆವರಣದಿಂದ ಹೊರಬಂದು ಒಳದಾರಿಗಳಲ್ಲಿ ಒಂದು ಗಳಿಗೆ ನಡೆದ ಯಾತ್ರಿಕನಿಗೆ ಈ ಸೀಮೆಯ ಮನೆಗಳ ಇರವು ತಿಳಿಯುವುದು. ವರ್ಷಕ್ಕೆ 4000 ಮಿಲ್ಲಿಮೀಟರಿಗೂ ಮಿಕ್ಕಿ ಮಳೆ ಸುರಿಯುವ ನಾಡಿದು. ತಗ್ಗಿನಲ್ಲಿ ಗದ್ದೆ, ಅದರ ಅಂಚಿಗೆ ಅಡಿಕೆ, ಅದಕ್ಕೂ ಮೇಲೆ ತೆಂಗು, ಎತ್ತರದಲ್ಲಿ ಹೆಂಚಿನ ಮನೆ, ಮನೆಯ ಹಿಂದೆ ಗುಡ್ಡ. ಅಡಿಗೆಮನೆಯ ಬಾಗಿಲಿಗೂ ಬಾವಿಕಟ್ಟೆಗೂ ನಡುವಣ ಹಿತ್ತಿಲಲ್ಲಿ ಬಸಳೆಯ ಚಪ್ಪರ, ಕರಿಬೇವು, ನುಗ್ಗೆ. ಇವುಗಳ ನಡುವೆ ಮುಳ್ಳಿನ ಕೊಂಬೆಗಳನ್ನು ಚಾಚಿಕೊಂಡು ನಿಂತಿರುವ ಒಂದೆರಡು ಹುಳಿಹಣ್ಣಿನ ಗಿಡಗಳು.

ಈ ಹುಳಿಹಣ್ಣುಗಳ ಕುಲ ದೊಡ್ಡದು. ಪೇಟೆಯಲ್ಲಿ ಸಿಕ್ಕುವ ಗುಂಡುನಿಂಬೆಯೊಂದನ್ನೇ ಬಲ್ಲವರಿಗೆ ಇಲ್ಲಿಯ ಹಿತ್ತಿಲು ಅಚ್ಚರಿಯನ್ನುಂಟುಮಾಡೀತು. ಗಜನಿಂಬೆಯು ಹೆಸರಿಗೆ ತಕ್ಕಂತೆ ದೊಡ್ಡದು. ಅದರ ಸಿಪ್ಪೆಯನ್ನು ಉಗುರಿನಿಂದ ಗೀರಿದರೆ ಸಾಕು, ಇಡೀ ಜಗಲಿ ಘಮಘಮಿಸುವುದು. ಹೆರಳೆಯು ಉಪ್ಪಿನಕಾಯಿಗೆ ಹೆಸರಾದುದು. ಕಂಚಿಕಾಯಿ ಹುಳಿಯೊಡನೆ ಕಹಿಯನ್ನೂ ಬೆರೆಸಿಕೊಂಡಿರುವುದು. ಮಾದಳಕ್ಕೆ ರಸಕ್ಕಿಂತ ತೊಗಟೆಯೇ ಹೆಚ್ಚು. ಸಂಸ್ಕೃತದಲ್ಲಿ ಮಾತುಲುಂಗವೆಂದು ಕರೆಯಿಸಿಕೊಂಡು ಕೊಲ್ಲಾಪುರದ ಮಹಾಲಕ್ಷ್ಮಿಯ ಕೈಯಲ್ಲಿಯೂ, ಜೈನಶಿಲ್ಪದ ಯಕ್ಷರ ಕೈಯಲ್ಲಿಯೂ ಕಾಣಿಸಿಕೊಳ್ಳುವ ಹಣ್ಣು ಇದೇ. ಚಕ್ಕೋತವಂತೂ ಮಕ್ಕಳು ಎರಡು ಕೈಗಳಿಂದ ಎತ್ತಬೇಕಾದಷ್ಟು ತೋರ.

ಇಂಥ ಪುಣ್ಯಸ್ಥಳದ ಹೆಸರನ್ನು ಹೇಳಿ ಕೋಳಿಯ ಅಡಿಗೆಯನ್ನು ಬರೆಯುವುದು ಸರಿಯೆ, ಎಂದು ಕೆಲವು ವಾಚಕರು ಹುಬ್ಬು ಗಂಟಿಕ್ಕಬಹುದು. ಅಹಿಂಸೆಯೇ ಪರಮಧರ್ಮವೆನ್ನುವ ಜೈನರು ಮಾಂಸವನ್ನು ಮುಟ್ಟರು. ನಿಷ್ಠಾವಂತರು ಗೆಡ್ಡೆಗೆಣಸುಗಳನ್ನೂ, ಸೂರ್ಯಾಸ್ತವಾದ ಮೇಲಿನ ಊಟವನ್ನೂ ಬಿಟ್ಟವರು. ಅದೇ ಊರಿನ ಸುತ್ತ ಬಂಟರು, ಬಿಲ್ಲವರು, ಕ್ರೈಸ್ತರು, ಮುಸಲ್ಮಾನರು ತಲೆತಲಾಂತರದಿಂದ ಬಾಳಿಕೊಂಡು ಬಂದಿದ್ದಾರೆ. ಅವರ ಮನೆಗಳಲ್ಲಿ ಹಬ್ಬಕ್ಕೂ ನೆಂಟರಿಗೂ ಕೋಳಿ ಬೇಕು. ತುಳುವಿನಲ್ಲಿ ಕೋಳಿಗೆ ಕೋರಿ ಎಂದು ಹೆಸರು. ಗರಿಗರಿಯಾದ ಅಕ್ಕಿರೊಟ್ಟಿಯ ಮೇಲೆ ತೆಂಗಿನ ಹಾಲಿನ ಸಾರು ಸುರಿದು ಉಣ್ಣುವ ಕೋರಿರೊಟ್ಟಿಯ ಹೆಸರನ್ನು ಕೇಳದವರು ಈ ಕರಾವಳಿಯಲ್ಲಿಲ್ಲ. ಒಬ್ಬರ ಪಾತ್ರೆ ಇನ್ನೊಬ್ಬರ ಅಂಗಳಕ್ಕೆ ಹೋಗದೆ, ಒಬ್ಬರ ನೇಮವನ್ನು ಇನ್ನೊಬ್ಬರು ಹಳಿಯದೆ ನಡೆದುಕೊಂಡು ಬರುವುದು ಹಳ್ಳಿಯ ಮರ್ಯಾದೆ. ಆ ಮರ್ಯಾದೆಯ ಎಲ್ಲೆಯೊಳಗೆ ನಿಂತೇ ಈ ಮಾತನ್ನು ಬರೆಯುತ್ತಿದ್ದೇನೆ. ಮಾಂಸವನ್ನು ಒಲ್ಲದವರಿಗೂ ಈ ಬರಹದ ಕೊನೆಯಲ್ಲಿ ಒಂದು ಪಾಲು ಇರುವುದು.

ಮಳೆ ಹಿಂದೆಗೆದ ಕಾಲದಲ್ಲಿ ಒಮ್ಮೆ ವೇಣೂರಿಗೆ ಹೋಗಿದ್ದಾಗ, ಅಲ್ಲಿಗೆ ಸಮೀಪದ ಒಂದು ಒಕ್ಕಲುಮನೆಯಲ್ಲಿ ಮಧ್ಯಾಹ್ನದ ಊಟಕ್ಕೆ ನಿಲ್ಲುವ ಯೋಗ ಒದಗಿತು. ಮನೆಯ ಯಜಮಾನರು ಎಪ್ಪತ್ತು ದಾಟಿದವರು. ಒಂದು ಕಾಲಕ್ಕೆ ಆಳುಗಳ ಸಮಸಮಕ್ಕೆ ಗದ್ದೆಗಿಳಿದು ದುಡಿದು, ಅವರಷ್ಟೇ ಉಂಡವರು. ಎರಡು ವರ್ಷಗಳ ಹಿಂದೆ ಅವರಿಗೆ ಎದೆನೋವು ಕಾಣಿಸಿಕೊಂಡಿತು. ವೈದ್ಯರು ಔಷಧಿಯನ್ನು ಕೊಟ್ಟು, ತೆಂಗಿನಕಾಯಿ, ತುಪ್ಪ, ಕರಿದ ಪದಾರ್ಥ ಇವನ್ನು ತೀರ ಮಿತಗೊಳಿಸಬೇಕೆಂದು ಕಟ್ಟಪ್ಪಣೆ ಮಾಡಿದರು. ಅಂದಿನಿಂದ ಅವರಿಗೆ ಬೇರೆ ಪಾತ್ರೆಯಲ್ಲಿ ಸಪ್ಪೆ ಅಡಿಗೆ. ಮೊದಮೊದಲು ಎಲ್ಲರೊಡನೆ ಕುಳಿತೇ ಉಣ್ಣುತ್ತಿದ್ದರು. ಬರಬರುತ್ತ, ತಮ್ಮ ತಟ್ಟೆಯನ್ನು ನೋಡಿ ಮೊಮ್ಮಕ್ಕಳು ತಮ್ಮ ತಟ್ಟೆಯಲ್ಲಿಯ ತುಂಡನ್ನು ಅಜ್ಜನಿಗೆ ಕೊಡಲು ಬರುವುದನ್ನೂ, ಸೊಸೆಯು ಅದನ್ನು ತಡೆದು ತಲೆತಗ್ಗಿಸುವುದನ್ನೂ ಕಂಡು, “ನನಗೆ ಹಸಿವಾಗಿದೆ” ಎಂದು ಬೇಗನೆ ಒಬ್ಬರೇ ಉಂಡು ಏಳತೊಡಗಿದರು. ಮನೆಗೆ ನೆಂಟರು ಬಂದ ದಿನ ಉಪ್ಪರಿಗೆಯಿಂದ ಕೆಳಗೆ ಇಳಿಯದೆಯೇ ಇರುತ್ತಿದ್ದರಂತೆ. ರೋಗಕ್ಕಿಂತ ಈ ಏಕಾಂತವೇ ಅವರನ್ನು ಹೆಚ್ಚು ಕುಗ್ಗಿಸಿತೆಂದು ಅವರ ಮಡದಿ ನಮ್ಮೊಡನೆ ಹೇಳಿದರು.

ಈ ಸಂಕಟಕ್ಕೆ ದಾರಿ ಕಂಡುಹಿಡಿದವಳು ಅವರ ಸೊಸೆ. ಮಾವನಿಗೊಂದು, ಮಿಕ್ಕವರಿಗೊಂದು ಎಂದು ಎರಡು ಒಲೆ ಹೂಡುವ ಬದಲು, ಮನೆಯವರೆಲ್ಲರೂ ಬಾಯಿ ಚಪ್ಪರಿಸಿ ಉಣ್ಣುವಂಥ ಒಂದೇ ಹಗುರವಾದ ಅಡಿಗೆಯನ್ನು ಏಕೆ ಮಾಡಬಾರದೆಂದು ಆಕೆ ಯೋಚಿಸಿದಳು. ಅದಕ್ಕೆ ಬೇಕಾದ ಎರಡು ಸಾಧನಗಳೂ ಅವಳ ಕೈಗೆಟುಕುವಲ್ಲಿಯೇ ಇದ್ದುವು: ಹಿತ್ತಿಲ ಗಜನಿಂಬೆ ಒಂದು, ಅತ್ತೆಯವರಿಗೆ ಕರಗತವಾಗಿದ್ದ ಕೆಂಡದ ಅಡಿಗೆ ಇನ್ನೊಂದು. ನಾವು ಹೋದ ದಿನ, “ಮಾವ, ಊಟಕ್ಕೆ ಬನ್ನಿ. ಇವತ್ತೂ ಒಂದೇ ಪಾತ್ರೆ” ಎಂದು ಆಕೆ ಕರೆದಾಗ ಯಜಮಾನರು ನಮ್ಮ ಪಕ್ಕದಲ್ಲಿಯೇ ಬಂದು ಕುಳಿತರು. ಅಂದು ಬಡಿಸಿದ ಅಡಿಗೆಯ ವಿವರವೇ ಈ ಲೇಖನದ ತಿರುಳು.

ನಮ್ಮ ಕರಾವಳಿಯ ಕೋಳಿಯ ಪದಾರ್ಥದಲ್ಲಿ ಭಾರವಾದುದು ಕೋಳಿಯಲ್ಲ. ಚರ್ಮ ಸುಲಿದು, ಕಣ್ಣಿಗೆ ಕಾಣುವ ಕೊಬ್ಬನ್ನು ತೆಗೆದುಹಾಕಿದ ಕೋಳಿಯ ಎದೆಮಾಂಸದಲ್ಲಿ ನೂರು ಗ್ರಾಮಿಗೆ ಎರಡು ಮೂರು ಗ್ರಾಮುಗಳಷ್ಟು ಮಾತ್ರ ಕೊಬ್ಬಿರುವುದು. ತೊಡೆಯ ಮಾಂಸದಲ್ಲಿ ಅದಕ್ಕಿಂತ ತುಸು ಹೆಚ್ಚು. ಹಸಿ ತೆಂಗಿನ ತುರಿಯಲ್ಲಾದರೋ ನೂರು ಗ್ರಾಮಿಗೆ ಸುಮಾರು 33 ಗ್ರಾಮು ಕೊಬ್ಬು. ಅದರಲ್ಲಿ ಬಹುಪಾಲು ಹೃದ್ರೋಗಿಗಳು ಮಿತಗೊಳಿಸಬೇಕೆಂದು ವೈದ್ಯರು ಹೇಳುವ ಪರ್ಯಾಪ್ತ ಕೊಬ್ಬು. ಒಂದು ಕಿಲೋ ಕೋಳಿಯ ಗಸಿಗೆ ಒಂದು ಕಾಯಿಯನ್ನು ಅರೆಯುವರೆಂದೂ, ಅದರ ತುರಿ 250 ಗ್ರಾಮೆಂದೂ ಇಟ್ಟುಕೊಂಡರೆ, ಕಾಯಿಯಿಂದಲೇ 80 ಗ್ರಾಮಿಗೆ ಮಿಕ್ಕ ಕೊಬ್ಬು ಪಾತ್ರೆಗೆ ಸೇರಿತು. ಆರು ಮಂದಿಗೆ ಹಂಚಿದರೆ ತಲೆಗೆ 13 ಗ್ರಾಮಿಗಿಂತ ಹೆಚ್ಚು. ಒಗ್ಗರಣೆಯ ಎಣ್ಣೆ ಬೇರೆ. ತೆಂಗು ನಮ್ಮ ಕಲ್ಪವೃಕ್ಷವೆಂಬುದರಲ್ಲಿ ಸಂದೇಹವಿಲ್ಲ; ಬೆಳಗಿನಿಂದ ಸಂಜೆಯವರೆಗೆ ಗದ್ದೆಯಲ್ಲಿ ಬೆವರಿಳಿಸಿದವನಿಗೆ ಆ ಗಸಿ ತಕ್ಕ ಆಹಾರವೂ ಹೌದು. ಕುರ್ಚಿಯಲ್ಲಿ ಕುಳಿತು ದಿನ ಕಳೆಯುವವರಿಗೂ, ಎದೆಯ ಬೇನೆಯವರಿಗೂ ಅದು ನಿತ್ಯದ ಊಟವಾಗಲಾರದು.

ತೆಂಗನ್ನು ತೆಗೆದುಬಿಟ್ಟರೆ ಉಳಿಯುವ ತೊಡಕು ರುಚಿಯದು. ಕೊಬ್ಬು ಮಸಾಲೆಯ ಘಮವನ್ನು ಹಿಡಿದಿಟ್ಟು ನಾಲಗೆಗೆ ಮುಟ್ಟಿಸುವುದು. ಒಣಮಾಂಸವನ್ನು ಮೆತ್ತಗಾಗಿ ತೋರಿಸುವುದು. ಅದಿಲ್ಲದೆ ಬರಿಯ ನೀರಿನಲ್ಲಿ ಬೇಯಿಸಿದ ಕೋಳಿ ಯಾರಿಗೆ ಸೇರೀತು? ಇಲ್ಲಿಯೇ ಹುಳಿಹಣ್ಣು ನೆರವಿಗೆ ಬರುವುದು. ಅದರ ಪರಿಮಳವಿರುವುದು ರಸದಲ್ಲಿ ಅಲ್ಲ, ಸಿಪ್ಪೆಯ ಮೇಲ್ಪದರದಲ್ಲಿ. ಹಣ್ಣನ್ನು ಬೆಳಕಿಗೆ ಹಿಡಿದು ನೋಡಿದರೆ ಸಿಪ್ಪೆಯ ತುಂಬ ಸೂಜಿಮೊನೆಯಷ್ಟು ಸಣ್ಣ ಚುಕ್ಕೆಗಳು ಕಾಣುವುವು. ಅವು ಸುಗಂಧತೈಲದ ಪುಟ್ಟ ಚೀಲಗಳು. ಆ ತೈಲ ಎರಡು ಹನಿಯಿದ್ದರೂ ಸಾಕು, ಇಡೀ ಪಾತ್ರೆಗೆ ಸುವಾಸನೆ ಬರುವುದು. ಅದರ ಕೆಳಗಿನ ಬಿಳಿಯ ಪದರ ಮಾತ್ರ ಕಹಿ. ಅದನ್ನು ಮುಟ್ಟದೆ ಮೇಲಿನ ಹಸುರು ಅಥವಾ ಹಳದಿ ಭಾಗವನ್ನಷ್ಟೇ ತುರಿದುಕೊಳ್ಳಬೇಕು. ರಸದ ಕೆಲಸ ಬೇರೆ. ಅದರ ಹುಳಿ ನಾಲಗೆಯನ್ನು ಚುರುಕುಗೊಳಿಸುವುದರಿಂದ ಉಪ್ಪು ಕಡಮೆಯಾದರೂ ಸಪ್ಪೆಯೆನಿಸದು. ರಕ್ತದ ಒತ್ತಡದವರಿಗೆ ಇದು ಎರಡನೆಯ ಲಾಭ.

ಆದರೆ ಹುಳಿಯಲ್ಲಿ ಮಾಂಸವನ್ನು ಬಹಳ ಹೊತ್ತು ನೆನೆಯಿಡುವುದು ತರವಲ್ಲ. ಬೆಂಕಿ ಮಾಡುವ ಕೆಲಸವನ್ನು ಹುಳಿಯೂ ತನ್ನ ರೀತಿಯಲ್ಲಿ ಮಾಡುವುದು; ಮಾಂಸದ ಹೊರಮೈ ಬಿಳಿಚಿಕೊಂಡು, ಬೆಂದ ಮೇಲೆ ಹಿಟ್ಟುಹಿಟ್ಟಾಗುವುದು. ಅರ್ಧ ಗಂಟೆಯಿಂದ ಒಂದು ಗಂಟೆ ಸಾಕು. ರಾತ್ರಿಯೇ ಮಸಾಲೆ ಹಚ್ಚಿಡಬೇಕಾದವರು ಹುಳಿಯನ್ನು ಬಿಟ್ಟು ಮಿಕ್ಕದ್ದನ್ನು ಹಚ್ಚಿ ತಂಪುಪೆಟ್ಟಿಗೆಯಲ್ಲಿಟ್ಟು, ಬೆಳಿಗ್ಗೆ ರಸವನ್ನು ಸೇರಿಸಬಹುದು. ರಸವನ್ನು ಆಗಿಂದಾಗ್ಗೆ ಹಿಂಡಿಕೊಳ್ಳುವುದೂ ಲೇಸು. ಹಿಂಡಿಟ್ಟು ಬಹಳ ಹೊತ್ತಾದರೆ ಅದು ಕಹಿಯಾಗುವುದುಂಟು.

ಇನ್ನು ಕೆಂಡದ ಅಡಿಗೆಯ ಮಾತು. ಬೇಯಿಸುವ ಪೆಟ್ಟಿಗೆಯೆಂದರೆ ಪರದೇಶದ್ದು, ಬೇಕರಿಯವರ ಸೊತ್ತು ಎಂದು ಹಲವರ ಎಣಿಕೆ. ತುಳುನಾಡಿನ ಹಳೆಯ ಅಡಿಗೆಮನೆಗಳಲ್ಲಿ ಗೆಂಡದಡ್ಯೆ ಎಂಬ ಸಿಹಿತಿಂಡಿ ಮಾಡುತ್ತಿದ್ದುದನ್ನು ಬಲ್ಲವರು ಹಾಗೆನ್ನಲಾರರು. ಗೆಂಡವೆಂದರೆ ಕೆಂಡ. ಅಕ್ಕಿಬೆಲ್ಲದ ಹಿಟ್ಟನ್ನು ಪಾತ್ರೆಗೆ ಹೊಯ್ದು, ಕೆಳಗೂ ಕೆಂಡ, ಮುಚ್ಚಳದ ಮೇಲೂ ಕೆಂಡ ಇಟ್ಟು ನಿಧಾನವಾಗಿ ಬೇಯಿಸುವ ಕ್ರಮವದು. ಎರಡು ಕಡೆಯಿಂದಲೂ ಒಣಗಿದ ಶಾಖ ಬರುವುದರಿಂದ, ಎಣ್ಣೆಯಲ್ಲಿ ಮುಳುಗಿಸದೆಯೇ ಮೇಲ್ಮೈ ಕೆಂಪಾಗುವುದು; ಒಳಗಿನ ತೇವ ಒಳಗೇ ನಿಲ್ಲುವುದು. ಇಂದು ಮನೆಮನೆಗೆ ಬರುತ್ತಿರುವ ವಿದ್ಯುತ್ತಿನ ಪೆಟ್ಟಿಗೆಯ ಮರ್ಮವೂ ಇಷ್ಟೆ. ಹಾಗಾಗಿ ನಾವು ವೇಣೂರಿನಲ್ಲಿ ಉಂಡುದು ಹೊಸ ಪದಾರ್ಥವಾದರೂ, ಅದರ ಕ್ರಮ ಅಜ್ಜಿಯಂದಿರ ಕಾಲದ್ದೇ.

ಆರು ಮಂದಿಗೆ ಬೇಕಾಗುವ ಸಾಮಗ್ರಿ ಹೀಗೆ: ಚರ್ಮ ಸುಲಿದು ದೊಡ್ಡ ತುಂಡುಗಳಾಗಿ ಕಡಿದ ಕೋಳಿ 1 ಕಿಲೋ, ದೊಡ್ಡ ಗಜನಿಂಬೆ 1, ಅದು ಸಿಕ್ಕದಿದ್ದರೆ ಸಾಧಾರಣ ನಿಂಬೆಹಣ್ಣು 2, ಕೊಡಗಿನ ಕಿತ್ತಳೆ 2, ನೀರುಳ್ಳಿ 3, ಬೆಳ್ಳುಳ್ಳಿ 8 ಎಸಳು, ಎರಡು ಅಂಗುಲ ಶುಂಠಿ, ಬ್ಯಾಡಗಿ ಮೆಣಸು 4, ಕೊತ್ತಂಬರಿ ಬೀಜ 1 ದೊಡ್ಡ ಚಮಚ, ಕಾಳುಮೆಣಸು 1 ಸಣ್ಣ ಚಮಚ, ಜೀರಿಗೆ ಅರ್ಧ ಸಣ್ಣ ಚಮಚ, ಅರಿಶಿನ ಚಿಟಿಕೆ, ಉಪ್ಪು ಒಂದು ಸಣ್ಣ ಚಮಚ, ಎಣ್ಣೆ 2 ಸಣ್ಣ ಚಮಚ, ಕರಿಬೇವು, ಗಜನಿಂಬೆಯ ಎಳೆಯ ಎಲೆ ನಾಲ್ಕು, ಒಂದು ಬಾಳೆಎಲೆ.

ಮೊದಲು ಹಣ್ಣುಗಳನ್ನು ಚೆನ್ನಾಗಿ ತೊಳೆದು ಒರಸಿ, ಸಿಪ್ಪೆಯ ಮೇಲ್ಪದರವನ್ನು ತುರಿದು ಬೇರೆಯಾಗಿ ಮುಚ್ಚಿಡಬೇಕು. ಆಮೇಲೆ ರಸ ಹಿಂಡಿಕೊಳ್ಳಬೇಕು. ಮೆಣಸು, ಕೊತ್ತಂಬರಿ, ಜೀರಿಗೆ, ಕಾಳುಮೆಣಸುಗಳನ್ನು ಎಣ್ಣೆಯಿಲ್ಲದೆ ಬೆಚ್ಚಗೆ ಹುರಿದು, ಶುಂಠಿ ಬೆಳ್ಳುಳ್ಳಿಗಳೊಡನೆ ನುಣ್ಣಗೆ ಅರೆಯಬೇಕು. ನೀರಿನ ಬದಲು ಕಿತ್ತಳೆಯ ರಸವನ್ನೇ ಹಾಕಿ ಅರೆಯುವುದು ಆ ಮನೆಯ ಸೊಸೆಯ ಜಾಣತನ. ಇದಕ್ಕೆ ಅರಿಶಿನ, ಉಪ್ಪು, ಎಣ್ಣೆ, ಗಜನಿಂಬೆಯ ರಸದಲ್ಲಿ ಮುಕ್ಕಾಲು ಪಾಲು ಸೇರಿಸಿ, ತುಂಡುಗಳಲ್ಲಿ ಅಲ್ಲಲ್ಲಿ ಕತ್ತಿಯಿಂದ ಗೀರಿ, ಒಳಗೆ ಹೋಗುವಂತೆ ಹಚ್ಚಿ ಅರ್ಧ ಗಂಟೆ ಇಡಬೇಕು.

ಪಾತ್ರೆ ಅಗಲ ಬಾಯಿಯ ಮಣ್ಣಿನದಾದರೆ ಉತ್ತಮ, ಸ್ಟೀಲಿನದೂ ಆದೀತು. ಕಲಾಯಿಯಿಲ್ಲದ ತಾಮ್ರ ಹಿತ್ತಾಳೆಗಳನ್ನು ಮಾತ್ರ ಹುಳಿಯ ಹತ್ತಿರಕ್ಕೂ ತರಬಾರದು. ತಳದಲ್ಲಿ ದಪ್ಪನಾಗಿ ಬಿಲ್ಲೆಮಾಡಿದ ನೀರುಳ್ಳಿಯನ್ನೂ, ಕರಿಬೇವನ್ನೂ, ಗಜನಿಂಬೆಯ ಎಲೆಯನ್ನೂ ಹಾಸಬೇಕು. ನೀರುಳ್ಳಿಯ ಹಾಸಿಗೆಯಿರುವುದರಿಂದ ಕೋಳಿ ತಳ ಹಿಡಿಯದು. ಅದರ ನೀರೇ ಸಾರಾಗುವುದು. ಅದರ ಮೇಲೆ ತುಂಡುಗಳನ್ನು ಒಂದರ ಮೇಲೊಂದು ಬೀಳದಂತೆ ಒಂದೇ ಸಾಲಾಗಿ ಇಟ್ಟು, ಬೆಂಕಿಗೆ ಬಾಡಿಸಿದ ಬಾಳೆಎಲೆಯಿಂದ ಮುಚ್ಚಿ, ಅದರ ಮೇಲೆ ಬಿಗಿಯಾದ ಮುಚ್ಚಳವಿಡಬೇಕು. ತೆಂಗಿನ ಗೆರಟೆಯ ಕೆಂಡ ಇದಕ್ಕೆ ಸೊಗಸು. ಕೆಳಗೆ ಕೆಂಡ ಕಡಮೆ, ಮೇಲೆ ಹೆಚ್ಚು ಎಂಬುದು ಸೂತ್ರ. ಮುಕ್ಕಾಲು ಗಂಟೆಯ ತನಕ ತೆರೆದು ನೋಡಬಾರದು. ಬಳಿಕ ಬಾಳೆಎಲೆಯನ್ನು ತೆಗೆದು, ಮುಚ್ಚಳದ ಮೇಲೆ ಹೊಸ ಕೆಂಡ ಹಾಕಿ ಹತ್ತು ನಿಮಿಷ ಇಟ್ಟರೆ ಮೇಲ್ಭಾಗ ಕೆಂಪೇರುವುದು. ಕಿತ್ತಳೆಯ ರಸದ ಸಕ್ಕರೆ ಈ ಬಣ್ಣಕ್ಕೆ ಸಹಾಯಕ. ವಿದ್ಯುತ್ತಿನ ಪೆಟ್ಟಿಗೆಯುಳ್ಳವರು 200 ಡಿಗ್ರಿ ಶಾಖದಲ್ಲಿ ಮುಚ್ಚಿ 35 ರಿಂದ 40 ನಿಮಿಷ, ತೆರೆದು 10 ನಿಮಿಷ ಬೇಯಿಸಬಹುದು.

ಬೆಂದಿತೆಂಬುದಕ್ಕೆ ಗುರುತು: ತೊಡೆಯ ತುಂಡಿನ ಅತ್ಯಂತ ದಪ್ಪನಾದ ಭಾಗವನ್ನು ಚುಚ್ಚಿದರೆ ಹೊರಡುವ ರಸ ಕೆಂಪಾಗಿರದೆ ತಿಳಿಯಾಗಿರಬೇಕು. ಶಾಖಮಾಪಕವಿದ್ದರೆ ಒಳಗೆ 74 ಡಿಗ್ರಿ ಸೆಲ್ಸಿಯಸ್ ತೋರಿಸಬೇಕು. ಇಷ್ಟು ಕಾಲಾವಧಿ ಪೇಟೆಯ ಫಾರಂ ಕೋಳಿಗೆ. ಅಂಗಳದಲ್ಲಿ ಕೆದಕಿ ತಿಂದು ಬೆಳೆದ ಊರಕೋಳಿಯ ಮಾಂಸ ಬಿಗಿಯಾದುದರಿಂದ ಅರ್ಧ ಲೋಟ ಬಿಸಿನೀರು ಸೇರಿಸಿ, ಉರಿಯನ್ನು ತಗ್ಗಿಸಿ ಒಂದೂವರೆ ಗಂಟೆಯಷ್ಟು ತಾಳ್ಮೆಯಿಂದ ಬೇಯಿಸಬೇಕಾದೀತು.

ಪಾತ್ರೆಯನ್ನು ಇಳಿಸಿದ ಮೇಲೆ, ತೆಗೆದಿಟ್ಟ ಸಿಪ್ಪೆಯ ತುರಿಯನ್ನೂ ಉಳಿದ ಕಾಲು ಪಾಲು ರಸವನ್ನೂ ಮೇಲೆ ಉದುರಿಸಿ, ಐದು ನಿಮಿಷ ಮುಚ್ಚಿಡಬೇಕು. ಸುಗಂಧತೈಲವು ಬೆಂಕಿಯಲ್ಲಿ ಬೇಗ ಹಾರಿಹೋಗುವುದರಿಂದ ಈ ಕೊನೆಯ ಕೆಲಸವನ್ನು ಒಲೆಯ ಮೇಲೆ ಮಾಡಬಾರದು. ಮುಚ್ಚಳ ತೆರೆದೊಡನೆ ಏಳುವ ಘಮವೇ ತೆಂಗಿಲ್ಲದ ಕೊರತೆಯನ್ನು ಮರೆಸುವುದು. ಎರಡು ಸಣ್ಣ ಚಮಚ ಎಣ್ಣೆಯೆಂದರೆ ಸುಮಾರು 9 ಗ್ರಾಮು. ತಲೆಗೆ ಒಂದೂವರೆ ಗ್ರಾಮು. ಕುಚ್ಚಲಕ್ಕಿಯ ಅನ್ನದೊಡನೆಯಾಗಲಿ, ಪುಂಡಿಗಟ್ಟಿಯೊಡನೆಯಾಗಲಿ ಇದು ಚೆನ್ನಾಗಿ ಹೊಂದುವುದು.

ನಮ್ಮ ಹಿತ್ತಿಲ ಈ ಹಣ್ಣಿನ ಸಂಚಾರದ ಕಥೆಯನ್ನು ಕೇಳಿದರೆ, ವೇಣೂರಿನ ಆ ಪಾತ್ರೆಗೆ ದೂರದ ಬಂಧುಗಳಿದ್ದಾರೆಂದು ತಿಳಿಯುವುದು. ನಿಂಬೆಯ ಕುಲದ ಮೂಲವು ಹಿಮಾಲಯದ ಆಗ್ನೇಯ ತಪ್ಪಲೆಂದು 2018ರಲ್ಲಿ ಪ್ರಕಟವಾದ ವಂಶವಾಹಿಗಳ ಸಂಶೋಧನೆಯೊಂದು ತೋರಿಸಿತು. ಮಾದಳ, ಚಕ್ಕೋತ, ಕಿತ್ತಳೆ ಇವು ಮೂಲಪುರುಷರಲ್ಲಿ ಮುಖ್ಯರು. ಇಂದಿನ ಅನೇಕ ಹುಳಿಹಣ್ಣುಗಳು ಇವುಗಳ ಬೆರಕೆಯಿಂದ ಹುಟ್ಟಿದುವು. ಸಂಸ್ಕೃತದ ನಾರಂಗವು ಪಾರಸಿಯಲ್ಲಿ ನಾರಂಗ್ ಆಗಿ, ಅರಬರ ಕೈಯಿಂದ ಸ್ಪೇನಿಗೆ ಹೋಗಿ ನರಾಂಹಾ ಆಗಿ, ಇಂಗ್ಲಿಷರ ಬಾಯಲ್ಲಿ ಆರೆಂಜ್ ಆಯಿತು. ಸ್ಪೇನಿನವರು ಹುಳಿಕಿತ್ತಳೆಯನ್ನು ಹಡಗಿನಲ್ಲಿ ಅಮೆರಿಕಾ ಖಂಡಕ್ಕೆ ಒಯ್ದರು. ಮೆಕ್ಸಿಕೋ ದೇಶದ ಯುಕಾತಾನ್ ಪ್ರಾಂತದ ಮಾಯಾ ಜನರು ಆ ರಸದಲ್ಲಿ ಕೆಂಪುಬೀಜದ ಮಸಾಲೆಯನ್ನು ಕಲಸಿ, ಕೋಳಿಗೋ ಹಂದಿಗೋ ಹಚ್ಚಿ, ಬಾಳೆಎಲೆಯಲ್ಲಿ ಸುತ್ತಿ, ನೆಲದ ಕುಳಿಯಲ್ಲಿ ಕೆಂಡದ ಕಾವಿನಿಂದ ಬೇಯಿಸುವರು. ಆ ಕುಳಿಯೊಲೆಗೆ ಪಿಬ್ ಎಂದು ಹೆಸರು. ಅಡಿಗೆಗೆ ಪಿಬಿಲ್ ಎಂದು ಹೆಸರು. ಆಫ್ರಿಕಾದ ಸೆನೆಗಾಲಿನವರು ನಿಂಬೆರಸದಲ್ಲಿಯೂ ರಾಶಿ ನೀರುಳ್ಳಿಯಲ್ಲಿಯೂ ಕೋಳಿಯನ್ನು ನೆನೆಸಿ ಯಾಸ್ಸಾ ಮಾಡುವರು. ಒಬ್ಬರನ್ನೊಬ್ಬರು ಕಾಣದ ಗೃಹಿಣಿಯರು, ಹುಳಿ, ಎಲೆ, ನೀರುಳ್ಳಿ, ಕೆಂಡ ಇವುಗಳಿಂದ ಒಂದೇ ಬಗೆಯ ಉಪಾಯವನ್ನು ಕಂಡುಕೊಂಡಿರುವುದು ಸೋಜಿಗವಲ್ಲವೆ?

ಮಾಂಸವನ್ನು ಒಲ್ಲದ ಮನೆಗಳಿಗೆ ಮೊದಲೇ ಹೇಳಿದ ಪಾಲು ಇದು. ಎಳೆಯ ಹಲಸು, ಎಂದರೆ ಗುಜ್ಜೆ, ಈ ಕ್ರಮಕ್ಕೆ ಹೇಳಿಮಾಡಿಸಿದಂತಿದೆ. ಅಂಟನ್ನು ತೆಗೆದು, ದೊಡ್ಡ ಹೋಳುಗಳಾಗಿ ಹೆಚ್ಚಿ, ಉಪ್ಪು ಅರಿಶಿನ ಹಾಕಿದ ನೀರಿನಲ್ಲಿ ಅರ್ಧ ಬೇಯಿಸಿ ಬಸಿದು, ಅದೇ ಮಸಾಲೆ ಹಚ್ಚಿ ಕೆಂಡದ ನಡುವೆ ಇಡಬೇಕು. ನೀರುಳ್ಳಿ ಬೆಳ್ಳುಳ್ಳಿ ಶುಂಠಿಗಳನ್ನು ಬಿಟ್ಟವರು ತಳಕ್ಕೆ ಸೌತೆಯ ದಪ್ಪ ಬಿಲ್ಲೆಗಳನ್ನು ಹಾಸಿ, ಮಸಾಲೆಗೆ ಇಂಗನ್ನೂ ತುಸು ಹೆಚ್ಚು ಕಾಳುಮೆಣಸನ್ನೂ ಸೇರಿಸಿಕೊಳ್ಳಬಹುದು.

ಒಂದು ಎಚ್ಚರಿಕೆಯ ಮಾತನ್ನು ಮರೆಯಲಾಗದು. ಹುಳಿಹಣ್ಣುಗಳೆಲ್ಲ ಎಲ್ಲರಿಗೂ ಒಂದೇ ಸಮನಲ್ಲ. ಚಕ್ಕೋತದಲ್ಲಿರುವ ಕೆಲವು ಪದಾರ್ಥಗಳು, ರಕ್ತದ ಕೊಬ್ಬನ್ನು ಇಳಿಸಲು ಕೊಡುವ ಕೆಲವು ಔಷಧಿಗಳನ್ನೂ ಒತ್ತಡದ ಕೆಲವು ಔಷಧಿಗಳನ್ನೂ ದೇಹವು ಕರಗಿಸದಂತೆ ತಡೆದು, ರಕ್ತದಲ್ಲಿ ಅವುಗಳ ಪ್ರಮಾಣವನ್ನು ಮಿತಿಮೀರಿ ಏರಿಸಬಲ್ಲುವು. ಅಂಥ ಔಷಧಿಯನ್ನು ಸೇವಿಸುವವರು ವೈದ್ಯರನ್ನು ಕೇಳದೆ ಚಕ್ಕೋತವನ್ನಾಗಲಿ ಅದರ ರಸವನ್ನಾಗಲಿ ಬಳಸಬಾರದು. ವೇಣೂರಿನ ಆ ಮನೆಯಲ್ಲಿ ಚಕ್ಕೋತದ ಮರವಿದ್ದರೂ ಸೊಸೆ ಅದನ್ನು ಬಳಸದೆ ಕಿತ್ತಳೆಯನ್ನು ಪೇಟೆಯಿಂದ ತರಿಸಿದುದಕ್ಕೆ ಕಾರಣ ಇದೇ. ವೈದ್ಯರು ಸಾರಿ ಹೇಳಿದ್ದರಂತೆ. ಈ ಅಡಿಗೆ ಔಷಧಿಯೂ ಅಲ್ಲ, ಔಷಧಿಗೆ ಬದಲೂ ಅಲ್ಲ.

ದೇವನಹಳ್ಳಿಯ ಚಕ್ಕೋತ, ಕೊಡಗಿನ ಕಿತ್ತಳೆ, ಇಂಡಿಯ ನಿಂಬೆ ಇವು ಭೌಗೋಳಿಕ ಸೂಚಿಯ ಮನ್ನಣೆ ಪಡೆದು ದೇಶಕ್ಕೆಲ್ಲ ಪರಿಚಿತವಾಗಿವೆ. ನಮ್ಮ ಹಿತ್ತಿಲ ಗಜನಿಂಬೆಗೂ ಮಾದಳಕ್ಕೂ ಅಂಥ ಹೆಸರಿಲ್ಲ. ಹಣ ತರುವ ಅಡಿಕೆಗೂ ರಬ್ಬರಿಗೂ ಜಾಗ ಬೇಕಾದಾಗ ಮೊದಲು ಕೊಡಲಿ ಬೀಳುವುದು ಇಂಥ ಹೆಸರಿಲ್ಲದ ಮುಳ್ಳುಗಿಡದ ಮೇಲೆ. ಆ ಮನೆಯಲ್ಲಿಯೂ ಬಾವಿಯ ಬಳಿಯ ಗಜನಿಂಬೆಯನ್ನು ಕಡಿದು ಕಾರು ನಿಲ್ಲಿಸುವ ಮಾಡು ಕಟ್ಟಿಸಬೇಕೆಂದು ಮಗನು ಗೆರೆ ಹಾಕಿಟ್ಟಿದ್ದನಂತೆ. ತಂದೆಯವರು ಮತ್ತೆ ಪಂಕ್ತಿಯಲ್ಲಿ ಕುಳಿತು ಉಣ್ಣತೊಡಗಿದ ಮೇಲೆ ಅವನೇ ಮಾಡನ್ನು ಆಚೆ ಬದಿಗೆ ಸರಿಸಿದನು.

ವೇಣೂರಿಗೆ ಹೋಗುವವರು ಗೊಮ್ಮಟನ ಸನ್ನಿಧಿಯಲ್ಲಿ ಒಂದು ಗಳಿಗೆ ಕುಳಿತು, ಬಳಿಕ ಹೊಳೆಯ ಕಡೆಗೂ ತೋಟದ ಕಡೆಗೂ ನಡೆದು ಬರಲಿ. ಯಾರಾದರೂ ಒಂದು ಗಜನಿಂಬೆಯನ್ನು ಕೈಯಲ್ಲಿಟ್ಟರೆ ಬೀಜವನ್ನು ಬಿಸಾಡದೆ ಮನೆಗೆ ತರಲಿ. ಬೀಜದ ಗಿಡ ಫಲ ಕೊಡಲು ಹಲವು ವರ್ಷ ಬೇಕು. ಕಸಿಯ ಗಿಡ ಅದಕ್ಕಿಂತ ಬೇಗ ಕೊಡುವುದು. ಪಟ್ಟಣದಲ್ಲಿ ನೆಲವಿಲ್ಲದವರು ದೊಡ್ಡ ಕುಂಡದಲ್ಲಿಯೂ ನಿಂಬೆಯ ಗಿಡವೊಂದನ್ನು ಸಾಕಬಹುದು. ಬಿಸಿಲು ಚೆನ್ನಾಗಿ ಬೀಳಬೇಕು, ಬೇರಿನಲ್ಲಿ ನೀರು ನಿಲ್ಲಬಾರದು. ಹಣ್ಣು ಬಿಡುವ ತನಕ ಎಲೆಯಾದರೂ ಅಡಿಗೆಗೆ ಒದಗೀತು.